ಮಳೆಗಾಲದಲ್ಲಿ .32 ಪಿಸ್ತೂಲು: ತುಕ್ಕು, ಜಿಗುಟು ಎಣ್ಣೆ, ಸಿಡಿಯದ ತೋಟಾ

ಹಾನುಬಾಳು_ರೋಬಸ್ಟಾ

ಎಲ್ಲರಿಗೂ ನಮಸ್ಕಾರ. ಎಫ್‌ಎನ್ 1922 ಮಾದರಿ ಪಿಸ್ತೂಲು, .32 ಬೋರು, 9 ತೋಟಾ ಹಿಡಿಯುವ ಮ್ಯಾಗಜಿನ್. ಲೈಸೆನ್ಸ್ ನನ್ನ ಹೆಸರಿನಲ್ಲೇ ಇದೆ. ಚರ್ಮದ ಪೌಚಿನಲ್ಲಿ ಹಾಕಿ ಕಬ್ಬಿಣದ ಬೀರುವಿನ ಲಾಕರ್ ಒಳಗೆ ಇಡುತ್ತೇನೆ. ಈಗ ಮೂರು ತೊಂದರೆ ಕಾಣಿಸಿವೆ.

ನಳಿಗೆ ಬಾಯಿಯ ಸುತ್ತ ಮತ್ತು ಮ್ಯಾಗಜಿನ್ ಮೈಮೇಲೆ ಕೆಂಪು ಚುಕ್ಕಿ ಎದ್ದಿದೆ. ಸ್ಲೈಡ್ (ಪಿಸ್ತೂಲಿನ ಮೇಲೆ ಹಿಂದೆ ಮುಂದೆ ಜಾರುವ ಭಾಗ) ಎಳೆದು ಬಿಟ್ಟರೆ ಮುಂದಕ್ಕೆ ಹೋಗುತ್ತದೆ, ಆದರೆ ಕೊನೆಯಲ್ಲಿ ಒಂದೆರಡು ಮಿ.ಮೀ. ತಡವರಿಸಿ ಕೂರುತ್ತದೆ. ರೇಂಜಿನಲ್ಲಿ ಕೆಲವು ತೋಟಾ ಸಿಡಿಯಲಿಲ್ಲ. ಪ್ರೈಮರ್ (ತೋಟಾದ ತಳದಲ್ಲಿ ಏಟಿಗೆ ಸಿಡಿಯುವ ಕೇಪು) ಮೇಲೆ ಗುಳಿ ಬಿದ್ದಿದೆ, ಆಳ ಮಾತ್ರ ಇಲ್ಲ. ಹೊಲಿಗೆ ಮಷೀನಿನ ಎಣ್ಣೆ ಬಿಡುತ್ತಲೇ ಇದ್ದೇನೆ, ಎಣ್ಣೆಗೇನೂ ಕೊರತೆ ಇಲ್ಲ. ಎಲ್ಲಿಂದ ಶುರು ಮಾಡಲಿ?

ಶಸ್ತ್ರಾಗಾರ_ಹಾಸನ

ಮೂರು ತೊಂದರೆಗೂ ಬೇರು ಎರಡೇ: ಚರ್ಮದ ಪೌಚು ಮತ್ತು ಹಳೇ ಎಣ್ಣೆ. ನಮ್ಮ ಕಡೆ ಪಿಸ್ತೂಲು ಗುಂಡು ಹಾರಿಸಿ ಸವೆಯುವುದು ಬಹಳ ಕಡಿಮೆ. ಬೀರುವಿನಲ್ಲಿ ಸುಮ್ಮನೆ ಕೂತೇ ಹಾಳಾಗುತ್ತದೆ. ಹಾಗಾಗಿ ಎಣ್ಣೆ ಇನ್ನಷ್ಟು ಹಾಕುವ ಯೋಚನೆ ಬಿಟ್ಟು, ಒಳಗಿರುವ ಎಣ್ಣೆಯನ್ನು ಮೊದಲು ಪೂರ್ತಿ ತೆಗೆಯಿರಿ.

ಅದಕ್ಕೂ ಮುಂಚೆ ಖಾಲಿ ಮಾಡುವ ಕ್ರಮ. ಮೊದಲು ಮ್ಯಾಗಜಿನ್ ಹೊರಗೆ, ಆಮೇಲೆ ಸ್ಲೈಡ್. ಈ ಕ್ರಮ ಯಾವತ್ತೂ ತಿರುಗುಮುರುಗಾಗಬಾರದು. ಮ್ಯಾಗಜಿನ್ ಒಳಗಿದ್ದಾಗಲೇ ಸ್ಲೈಡ್ ಎಳೆದರೆ ಚೇಂಬರಿನಲ್ಲಿದ್ದ (ನಳಿಗೆಯ ಹಿಂತುದಿಯಲ್ಲಿ ತೋಟಾ ಕೂರುವ ಜಾಗ) ತೋಟಾ ಹೊರಗೆ ಬೀಳುತ್ತದೆ, ಸ್ಲೈಡ್ ಮುಂದೆ ಹೋಗುವಾಗ ಮೇಲಿನ ಮತ್ತೊಂದು ತೋಟಾ ಒಳಗೆ ಹೋಗಿ ಕೂರುತ್ತದೆ. ಆಮೇಲೆ ಮ್ಯಾಗಜಿನ್ ತೆಗೆದು "ಖಾಲಿ ಆಯ್ತು" ಅಂದುಕೊಳ್ಳುವವರ ಕೈಯಲ್ಲೇ ಅನಾಹುತ ಆಗುವುದು. ಮ್ಯಾಗಜಿನ್ ತೆಗೆದ ಮೇಲೆ ಸ್ಲೈಡನ್ನು ಎರಡು ಮೂರು ಸಲ ಪೂರ್ತಿ ಎಳೆಯಿರಿ, ಹಿಂದಕ್ಕೆ ಹಿಡಿದು ಬೆಳಕಿನಲ್ಲಿ ಚೇಂಬರ್ ನೋಡಿ, ಕಿರುಬೆರಳ ತುದಿ ಹಾಕಿಯೂ ನೋಡಿ. ಕಣ್ಣು ಮೋಸಹೋದರೂ ಬೆರಳು ಹೋಗುವುದಿಲ್ಲ. ತೋಟಾಗಳನ್ನು ಬೇರೆ ಕೋಣೆಗೆ ಸಾಗಿಸಿದ ಮೇಲೆ ಕೆಲಸಕ್ಕೆ ಕೂರಿ.

1922ರಲ್ಲಿ ಮೂರು ಸೇಫ್ಟಿ ಇವೆ: ಹೆಬ್ಬೆರಳಿನದು, ಹಿಡಿಯ ಹಿಂಬದಿಯದು, ಮ್ಯಾಗಜಿನ್‌ನದು. ಮೂರೂ ಇದ್ದರೂ ಈ ಕ್ರಮಕ್ಕೆ ರಿಯಾಯಿತಿ ಇಲ್ಲ.

ಗೋಣಿಬೀಡು_ಅರೇಬಿಕಾ

ಶಸ್ತ್ರಾಗಾರ ಸಾರ್ ಹೇಳಿದ್ದಕ್ಕೆ ಜಾಗದ ವಿಚಾರ ಸೇರಿಸ್ತೀನಿ. ಅಡುಗೆಮನೆ ಬೇಡ, ಊಟದ ಮೇಜೂ ಬೇಡ. ಪ್ರೈಮರ್ ಮಸಿಯಲ್ಲಿ ಸೀಸ ಇರುತ್ತೆ. ಕಿಟಕಿ ತೆಗೆದಿಟ್ಟು, ಒಲೆ, ದೀಪ, ಬೀಡಿ ಯಾವುದೂ ಹತ್ತಿರ ಇಲ್ಲದ ಕಡೆ ಕೂತ್ಕೊಳ್ಳಿ. ಮೇಜಿನ ಮೇಲೆ ಬಿಳಿ ಬೈರಾಸು ಹಾಸಿ, ಬಿದ್ದ ಸಣ್ಣ ಪಿನ್ನು ಅದರ ಮೇಲೆ ತಕ್ಷಣ ಕಾಣುತ್ತೆ. ಕನ್ನಡಕ ಹಾಕ್ಕೊಳ್ಳಿ, 1922ರ ಸ್ಪ್ರಿಂಗು ಮೂತಿಯಿಂದ ನೇರ ಮುಖಕ್ಕೇ ಹಾರೋ ಜಾತಿ. ಮುಗಿದ ಮೇಲೆ ತಣ್ಣೀರು, ಸೋಪಿನಲ್ಲಿ ಕೈ ತೊಳೀರಿ. ಮಸಿ ಬಟ್ಟೆ ಮಕ್ಕಳ ಕೈಗೆ ಸಿಗೋ ಹಾಗೆ ಬಿಸಾಡಬೇಡಿ.

ಹಾನುಬಾಳು_ರೋಬಸ್ಟಾ

ಸಾರ್, ಬಿಚ್ಚುವ ಕ್ರಮ ಹೇಳಿ. ಪುಸ್ತಿಕೆ ಇಲ್ಲ.

ಶಸ್ತ್ರಾಗಾರ_ಹಾಸನ

ಮೂತಿಯಲ್ಲಿ, ಸ್ಲೈಡಿನ ಮುಂದುಗಡೆ, ಪ್ರತ್ಯೇಕ ತುಂಡೊಂದು ಇದೆ. ಅದನ್ನು ಹಿಡಿದಿಡುವ ಸಣ್ಣ ಚಿಲಕವೂ ಅಲ್ಲೇ ಇದೆ. ಚಿಲಕ ಒತ್ತಿ, ಮುಂದಿನ ತುಂಡನ್ನು ಸ್ವಲ್ಪ ಒಳಕ್ಕೆ ದೂಡಿ ತಿರುಗಿಸಿದರೆ ಅದು ಬಿಡುತ್ತದೆ. ಆ ಹೊತ್ತಿನಲ್ಲಿ ಅಂಗೈ ಅದರ ಮೇಲೆ ಒತ್ತಿಕೊಂಡೇ ಇರಲಿ, ಒಳಗಿನ ಸ್ಪ್ರಿಂಗ್ ಬಿಗಿಯಾಗಿ ಕೂತಿರುತ್ತದೆ. ನಿಧಾನ ಬಿಡುತ್ತಾ ಹೊರಗೆ ತೆಗೆಯಿರಿ.

ಸ್ಪ್ರಿಂಗ್ ಹೊರಬಂದ ಮೇಲೆ ಸ್ಲೈಡನ್ನು ಹಿಂದಕ್ಕೆ ಎಳೆಯಿರಿ. ಹೆಬ್ಬೆರಳ ಸೇಫ್ಟಿಯನ್ನು ಮೇಲಕ್ಕೆತ್ತಿದರೆ ಸ್ಲೈಡಿನ ಅಂಚಿನಲ್ಲಿರುವ ಮುಂದಿನ ಕಚ್ಚಿನಲ್ಲಿ ಕೂರುತ್ತದೆ, ಸ್ಲೈಡ್ ಅಲ್ಲೇ ನಿಲ್ಲುತ್ತದೆ. ಈಗ ಬ್ಯಾರೆಲ್ಲನ್ನು ಬೆರಳಿನಲ್ಲಿ ಹಿಡಿದು ತಿರುಗಿಸಿ. ಅದರ ಕೆಳಗಿನ ಹಲ್ಲುಗಳು ಫ್ರೇಮಿನ ಗಾಡಿಯಿಂದ (ಕೊರೆದ ಕಚ್ಚಿನಿಂದ) ಬಿಟ್ಟುಕೊಳ್ಳುತ್ತವೆ. ಇಲ್ಲಿ ಬಲ ಹಾಕಬಾರದು, ಇಕ್ಕಳವಂತೂ ಮುಟ್ಟಲೇಬಾರದು. ತಿರುಗಲಿಲ್ಲ ಎಂದರೆ ಸ್ಲೈಡ್ ಸರಿಯಾದ ಜಾಗದಲ್ಲಿ ನಿಂತಿಲ್ಲ ಎಂದೇ ಅರ್ಥ. ತಿರುಗಿದ ಮೇಲೆ ಸೇಫ್ಟಿ ಇಳಿಸಿದರೆ ಸ್ಲೈಡ್, ಬ್ಯಾರೆಲ್ ಎರಡೂ ಜೊತೆಯಾಗಿ ಮುಂದಕ್ಕೆ ಜಾರಿ ಬರುತ್ತವೆ.

ಒಂದು ಎಚ್ಚರಿಕೆ. ಈ ಮಾದರಿಯಲ್ಲಿ ಹೊರಗೆ ಕಾಣುವ ಹ್ಯಾಮರ್ ಇಲ್ಲ, ಪ್ರೈಮರಿಗೆ ಗುದ್ದುವ ಸ್ಟ್ರೈಕರ್ ಸ್ಲೈಡಿನೊಳಗೇ ಇದೆ. ಸ್ಲೈಡ್ ಹೊರಬಂದಾಗ ಸ್ಟ್ರೈಕರ್, ಅದರ ಸ್ಪ್ರಿಂಗ್, ಸ್ಪ್ರಿಂಗಿನ ಕಡ್ಡಿ ಮೂರೂ ಹಿಂಬದಿಯಿಂದ ಜಾರಿ ಬೀಳುತ್ತವೆ. ಕೆಳಗೆ ಕೈ ಒಡ್ಡಿರಿ. ಬಿಚ್ಚುವಾಗ ಪ್ರತಿ ಹಂತಕ್ಕೂ ಮೊಬೈಲಿನಲ್ಲಿ ಒಂದು ಫೋಟೋ ತೆಗೆದಿಟ್ಟುಕೊಳ್ಳಿ, ಜೋಡಿಸುವಾಗ ಅದನ್ನೇ ಹಿಂದಿನಿಂದ ನೋಡುತ್ತಾ ಬಂದರಾಯಿತು.

ಹಿಡಿಯ ಎರಡು ಪಟ್ಟಿಗಳನ್ನೂ ಸ್ಕ್ರೂ ಬಿಚ್ಚಿ ಬೇರೆ ಇಡಿ. ಸಾಲ್ವೆಂಟ್ ತಾಗಿದರೆ ಹಳೇ ಪಟ್ಟಿ ಬಿರಿಯುತ್ತದೆ. ಪಟ್ಟಿಯ ಹಿಂದೆ ಕಟ್ಟಿಕೊಂಡ ಬೆವರಿನ ತುಕ್ಕೂ ಆಗ ಕಣ್ಣಿಗೆ ಬೀಳುತ್ತದೆ. ಇದಕ್ಕಿಂತ ಒಳಗೆ, ಅಂದರೆ ಟ್ರಿಗರ್, ಸಿಯರ್ (ಟ್ರಿಗರ್ ಎಳೆಯುವವರೆಗೆ ಸ್ಟ್ರೈಕರನ್ನು ಹಿಡಿದಿಡುವ ತುಂಡು) ಕಡೆಗೆ, ಮನೆಯಲ್ಲಿ ಕೈ ಹಾಕಬೇಡಿ.

ಬಾಳೆಹೊನ್ನೂರು_ಭದ್ರಾ

ವಾಲ್ಥರ್ ಪಿಪಿ ಇರುವವರಿಗೆ: ಬಿಚ್ಚುವ ರೀತಿ ಬೇರೆ, ಸುಲಭವೂ ಹೌದು. ಮ್ಯಾಗಜಿನ್ ತೆಗೆದು ಚೇಂಬರ್ ನೋಡಿದ ಮೇಲೆ ಟ್ರಿಗರ್ ಗಾರ್ಡನ್ನು ಕೆಳಕ್ಕೆ ಎಳೆದು ಸ್ವಲ್ಪ ಪಕ್ಕಕ್ಕೆ ಸರಿಸಿ ಫ್ರೇಮಿಗೆ ಒರಗಿಸಿ. ಸ್ಲೈಡನ್ನು ಪೂರ್ತಿ ಹಿಂದಕ್ಕೆ ಎಳೆದು, ಹಿಂಭಾಗ ಮೇಲಕ್ಕೆತ್ತಿ, ನಿಧಾನವಾಗಿ ಮುಂದಕ್ಕೆ ಬಿಡಿ. ಬ್ಯಾರೆಲ್ ಫ್ರೇಮಿಗೇ ಅಂಟಿರುತ್ತೆ, ಅದನ್ನು ತೆಗೆಯೋಕೆ ಹೋಗಬಾರದು. ಸ್ಪ್ರಿಂಗಿನ ಒಂದು ತುದಿ ಕಿರಿದು. ತೆಗೆಯುವಾಗಲೇ ಯಾವ ತುದಿ ಯಾವ ಕಡೆ ಇತ್ತು ಅಂತ ನೋಡ್ಕೊಳ್ಳಿ.

ಗೋಣಿಬೀಡು_ಅರೇಬಿಕಾ

ಈಗ ಸ್ವಚ್ಛ ಮಾಡೋದು. ಬೇಕಾದ್ದು: .32ರ ಫಾಸ್ಫರ್ ಬ್ರಾಂಜ್ ಬ್ರಷ್, ಹಿತ್ತಾಳೆ ಅಥವಾ ಪ್ಲಾಸ್ಟಿಕ್ ಸುತ್ತಿದ ಕಡ್ಡಿ, ಹಳೇ ಬನಿಯನ್ ಬಟ್ಟೆಯ ಸುಮಾರು ಒಂದಿಂಚು ಚೌಕದ ಚಿಂದಿ, ಹಲ್ಲುಜ್ಜೋ ಬ್ರಷ್, ಬಿದಿರು ಕಡ್ಡಿ, ಬೋರ್ ಸಾಲ್ವೆಂಟ್ (ನಳಿಗೆಯ ಒಳಗಿನ ಮಸಿ ಬಿಡಿಸೋ ದ್ರವ), ಗನ್ ಆಯಿಲ್. ಬಟ್ಟೆ ಹತ್ತಿಯದ್ದೇ ಆಗಿರಲಿ, ಸಿಂಥೆಟಿಕ್ ಬಟ್ಟೆ ಎಣ್ಣೆ ಹೀರಲ್ಲ, ಮಸಿಯನ್ನ ಸುಮ್ಮನೆ ಹರಡುತ್ತೆ.

ಸಾಲ್ವೆಂಟ್ ಸಿಗದಿದ್ರೆ ಮನೇಲೇ ಮಾಡ್ಕೋಬಹುದು. ಸೀಮೆಎಣ್ಣೆ ಒಂದು ಪಾಲು, ಪೇಂಟ್ ಅಂಗಡಿಯ ಮಿನರಲ್ ಟರ್ಪೆಂಟೈನ್ ಒಂದು ಪಾಲು, ಸ್ಪೇರ್ ಪಾರ್ಟ್ಸ್ ಅಂಗಡಿಯಲ್ಲಿ ಸಿಗೋ ಆಟೊಮ್ಯಾಟಿಕ್ ಗೇರಿನ ಕೆಂಪು ಎಣ್ಣೆ ಒಂದು ಪಾಲು. 50 ಮಿ.ಲೀ.ಯಂತೆ ಬೆರೆಸಿದರೆ ಒಂದು ವರ್ಷಕ್ಕೆ ಸಾಕು. ಗಾಜಿನ ಬಾಟಲಿಯಲ್ಲಿ ಹಾಕಿ, ಚೀಟಿ ಅಂಟಿಸಿ, ಬೀಗದೊಳಗೆ ಇಡಿ. ಇದು ಮಸಿ ಬಿಡಿಸುತ್ತೆ, ತಾಮ್ರ ಬಿಡಿಸಲ್ಲ. ನಮ್ಮ .32ಕ್ಕೆ ತಾಮ್ರ ದೊಡ್ಡ ತಲೆನೋವೇ ಅಲ್ಲ.

ಬ್ಯಾರೆಲ್ ಹೊರಗೆ ಬಂದಿರೋದ್ರಿಂದ ಚೇಂಬರ್ ಕಡೆಯಿಂದಲೇ ಬ್ರಷ್ ಹಾಕಿ. ಮೂತಿಯ ಅಂಚಿಗೆ ಕಡ್ಡಿ ತಾಗಿ ಸವೆದ್ರೆ ಗುರಿ ಕೆಡುತ್ತೆ. ಮೊದಲು ಸಾಲ್ವೆಂಟ್ ಚಿಂದಿ ಒಂದು, ಹತ್ತು ನಿಮಿಷ ಬಿಡಿ. ಆಮೇಲೆ ಬ್ರಷ್ ಪೂರ್ತಿ ಆಚೆ ಬರೋ ತನಕ ತಳ್ಳಿ, ಪೂರ್ತಿ ವಾಪಸ್ ಎಳೀರಿ, ಎಂಟು ಹತ್ತು ಸಲ. ನಡುವೆ ದಿಕ್ಕು ಬದಲಾಯಿಸಿದ್ರೆ ಬ್ರಷ್ಷಿನ ಕೂದಲು ಮುರಿದು ಅಲ್ಲೇ ಸಿಕ್ಕಿಕೊಳ್ಳುತ್ತೆ. ನಂತರ ಒಣ ಚಿಂದಿ, ಬೆಳ್ಳಗೆ ಬರೋವರೆಗೆ. ಅಂಗಡಿಯ ತಾಮ್ರ ಕರಗಿಸೋ ಸಾಲ್ವೆಂಟ್ ಬಳಸೋರಿಗೆ ಒಂದು ಮಾತು: ಚಿಂದಿ ನೀಲಿ-ಹಸಿರು ಬಂದ ಕೂಡ್ಲೇ ಗಾಬರಿ ಬೀಳಬೇಡಿ, ಅದು ನಿಮ್ಮ ಬ್ರಾಂಜ್ ಬ್ರಷ್ಷೇ ಕರಗಿ ಬಂದ ಬಣ್ಣವೂ ಆಗಿರಬಹುದು. ಆ ಸಾಲ್ವೆಂಟಿಗೆ ನೈಲಾನ್ ಬ್ರಷ್ ಹಾಕಿದ್ರೆ ಬಣ್ಣದ ನಿಜ ಗೊತ್ತಾಗುತ್ತೆ.

ಸ್ಲೈಡಿನ ಒಳಗೆ ಎರಡು ಕಡೆ ಮೈಯೆಲ್ಲಾ ಕಣ್ಣಾಗಿ ನೋಡಿ. ಒಂದು ತೋಟಾದ ತಳ ಒರಗೋ ಮುಖ, ಇನ್ನೊಂದು ಎಕ್ಸ್‌ಟ್ರಾಕ್ಟರ್ ಕೊಕ್ಕೆಯ ಸಂದಿ. ಕೊಕ್ಕೆ ಕೆಳಗೆ ಮಸಿ ಗಟ್ಟಿಯಾಗಿ ಕೂತ್ರೆ ಖಾಲಿ ಕೇಸನ್ನ (ತೋಟಾದ ಹಿತ್ತಾಳೆ ಕವಚ) ಹಿಡಿಯಲ್ಲ, ಕೇಸು ಚೇಂಬರಿನಲ್ಲೇ ಉಳಿಯುತ್ತೆ. ಬಿದಿರು ಕಡ್ಡಿ ಚೂಪು ಮಾಡಿ ಕೆರೀರಿ. ಸೂಜಿ, ಬ್ಲೇಡು ಬೇಡ.

ಶಸ್ತ್ರಾಗಾರ_ಹಾಸನ

ರೋಬಸ್ಟಾ ಅವರ ಸಿಡಿಯದ ತೋಟಾಕ್ಕೆ ಉತ್ತರ ಸ್ಟ್ರೈಕರ್ ಕೂರುವ ಕೊಳವೆಯಲ್ಲಿದೆ. ಅಲ್ಲಿಗೆ ಇಳಿದ ಎಣ್ಣೆಯಲ್ಲಿ ಮಸಿ, ಹಿತ್ತಾಳೆ ಪುಡಿ, ಧೂಳು ಸೇರಿ ವರ್ಷಗಟ್ಟಲೆ ಕೂತರೆ ಕಂದು ಬಣ್ಣದ ಜಿಗುಟು ಆಗುತ್ತದೆ. ಸ್ಟ್ರೈಕರ್ ಅದರೊಳಗೆ ಈಜಿಕೊಂಡು ಬರಬೇಕು. ಬರುವ ಹೊತ್ತಿಗೆ ವೇಗ ಸತ್ತಿರುತ್ತದೆ, ಗುಳಿ ಆಳ ಬೀಳುವುದಿಲ್ಲ. ಹೊರಗಿನ ಹ್ಯಾಮರ್ ಇಲ್ಲದ ಕಾರಣ ಅದೇ ತೋಟಾಕ್ಕೆ ಎರಡನೇ ಏಟು ಕೊಡುವ ದಾರಿಯೂ ಇಲ್ಲ.

ಇದಕ್ಕಿಂತ ಅಪಾಯದ್ದು ಇನ್ನೊಂದು. ಅದೇ ಜಿಗುಟಿನಲ್ಲಿ ಸ್ಟ್ರೈಕರ್ ತುದಿ ಮುಂದಕ್ಕೆ ಚಾಚಿಕೊಂಡು ಸಿಕ್ಕಿಬಿದ್ದರೆ, ಸ್ಲೈಡ್ ಮುಚ್ಚುವಾಗಲೇ ಪ್ರೈಮರಿಗೆ ಗುದ್ದಿ ತೋಟಾ ತನ್ನಷ್ಟಕ್ಕೆ ಸಿಡಿಯಬಹುದು. ಟ್ರಿಗರ್ ಮುಟ್ಟಬೇಕೆಂದೇ ಇಲ್ಲ. ಆದ್ದರಿಂದ ಆ ಕೊಳವೆಯನ್ನು ಸಾಲ್ವೆಂಟಿನಲ್ಲಿ ತೊಳೆದು, ಬಿದಿರು ಕಡ್ಡಿಗೆ ಬಟ್ಟೆ ಸುತ್ತಿ ಒಣಗುವವರೆಗೆ ಒರೆಸಿ, ಒಣಗಿದಂತೆಯೇ ಬಿಡಿ. ಸ್ಟ್ರೈಕರ್ ಮೈಗೆ ಎಣ್ಣೆ ಸವರಿದ ಬಟ್ಟೆ ಒಮ್ಮೆ ಎಳೆದು, ಒಣ ಬಟ್ಟೆಯಲ್ಲಿ ಮತ್ತೆ ಒರೆಸಿದರೆ ಸಾಕು. ಸ್ಟ್ರೈಕರ್ ತುದಿಯನ್ನು ಭೂತಗನ್ನಡಿಯಲ್ಲಿ ನೋಡಿ. ದುಂಡಗಿರಬೇಕು. ಮುಕ್ಕಾಗಿದ್ದರೆ ಬಳಸಬಾರದು.

ಎಣ್ಣೆ ಎಲ್ಲಿ ಎಷ್ಟು ಎಂದರೆ: ಸ್ಲೈಡ್ ಜಾರುವ ಗಾಡಿ ಎಡಕ್ಕೊಂದು ಬಲಕ್ಕೊಂದು ಹನಿ, ಬೆರಳಿನಲ್ಲಿ ಉದ್ದಕ್ಕೂ ಸವರಿ. ಬ್ಯಾರೆಲ್ ಹೊರಮೈಗೆ ಒಂದು ಹನಿ, ಅದರ ಹಲ್ಲುಗಳಿಗೆ ಅರ್ಧ. ಅಷ್ಟೇ. ಜೋಡಿಸಿ ಹತ್ತು ಸಲ ಸ್ಲೈಡ್ ಎಳೆದ ಮೇಲೆ ಹೊರಕ್ಕೆ ಒಸರಿದ್ದನ್ನು ಒರೆಸಿ. ಚೇಂಬರ್, ತೋಟಾ ತಳದ ಮುಖ, ಮ್ಯಾಗಜಿನ್ ಒಳಗೆ ಒಣಗಿರಬೇಕು. ಬೀರುವಿನಲ್ಲಿ ಇಡುವಾಗ ಬೋರಿಗೆ, ಚೇಂಬರಿಗೆ ತೆಳುವಾಗಿ ಎಣ್ಣೆ ಸವರಬಹುದು, ಆದರೆ ತೋಟಾ ಹಾಕುವ ಮುನ್ನ ಒಣ ಚಿಂದಿ ಎಳೆಯಲೇಬೇಕು. ಈ .32 ಪಿಸ್ತೂಲುಗಳಲ್ಲಿ ಬ್ರೀಚಿಗೆ (ಚೇಂಬರಿನ ಹಿಂಬಾಯಿಗೆ) ಬೀಗ ಇಲ್ಲ. ಸ್ಲೈಡಿನ ತೂಕ ಮತ್ತು ಸ್ಪ್ರಿಂಗಿನ ಬಲವೇ ಒತ್ತಡ ಇಳಿಯುವವರೆಗೆ ಕೇಸನ್ನು ತಡೆದಿಡುತ್ತವೆ, ಕೇಸು ಚೇಂಬರಿನ ಗೋಡೆಗೆ ಕಚ್ಚಿಕೊಳ್ಳುವುದು ಅದಕ್ಕೆ ನೆರವು. ಚೇಂಬರಿನಲ್ಲಿ ಎಣ್ಣೆ ಇದ್ದರೆ ಆ ಹಿಡಿತ ತಪ್ಪಿ ಸ್ಲೈಡಿನ ಮೇಲೆ ಹೊಡೆತ ಜಾಸ್ತಿ ಬೀಳುತ್ತದೆ.

ಕೊಪ್ಪ_ಅಡಿಕೆ

ನಮ್ಮ ಕಡೆ ಕೋವಿಗೆ ಕೊಬ್ಬರಿ ಎಣ್ಣೆ ಹಾಕುವ ರೂಢಿ ಇದೆ. ಪಿಸ್ತೂಲಿಗೂ ಆಗುತ್ತದೆಯೇ?

ಗೋಣಿಬೀಡು_ಅರೇಬಿಕಾ

ಬೇಡಿ ಭಟ್ರೇ. ಕೊಬ್ಬರಿ ಎಣ್ಣೆ ಸುಮಾರು 24 ಡಿಗ್ರಿಗೆ ಹೆಪ್ಪುಗಟ್ಟುತ್ತೆ. ಡಿಸೆಂಬರ್ ರಾತ್ರಿಗಳಲ್ಲಿ ಕೊಪ್ಪ, ಶೃಂಗೇರಿ ಎಲ್ಲಾ ಅದಕ್ಕಿಂತ ಎಷ್ಟೋ ಕೆಳಗೆ ಇಳಿಯುತ್ತೆ. ಸ್ಟ್ರೈಕರ್ ಸುತ್ತ ಬೆಣ್ಣೆ ತುಂಬಿದ ಹಾಗೆ ಆಗುತ್ತೆ. ಹಳತಾದ್ರೆ ಮುಗ್ಗಿ ಆಮ್ಲವೂ ಆಗುತ್ತೆ. ಹರಳೆಣ್ಣೆ, ಅಡುಗೆ ಎಣ್ಣೆ ಇದೇ ಸಾಲಿಗೆ, ಗಾಳಿಗೆ ಗೋಂದಾಗುತ್ತೆ. ಕೇಪಿನ ಕೋವಿಯ ಮರದ ಹಿಡಿಗೆ ಬೇಕಾದ್ರೆ ಸವರಿ. ಲೋಹಕ್ಕೆ ಖನಿಜ ಎಣ್ಣೆಯೇ ಬೇಕು.

ಹೊಲಿಗೆ ಮಷೀನಿನ ಎಣ್ಣೆ ಕೆಟ್ಟದ್ದಲ್ಲ, ಖನಿಜ ಎಣ್ಣೆಯೇ. ಆದರೆ ಬಹಳ ತೆಳು, ಆರಿದ್ರಾ ಮಳೆ ಹಿಡಿದ ಮೇಲೆ ಎರಡು ವಾರವೂ ನಿಲ್ಲಲ್ಲ. ಹಳೇ ಎಂಜಿನ್ ಆಯಿಲ್ ಮಾತ್ರ ಕೈಯಲ್ಲೂ ಮುಟ್ಟಬೇಡಿ, ಅದರಲ್ಲಿ ಆಮ್ಲ, ಲೋಹದ ಪುಡಿ, ಎಲ್ಲಾ ಇರುತ್ತೆ.

ಬಾಳೆಹೊನ್ನೂರು_ಭದ್ರಾ

ಡಬ್ಲ್ಯೂಡಿ-40?

ಶಸ್ತ್ರಾಗಾರ_ಹಾಸನ

ಅದನ್ನು ಮಾಡಿದ್ದೇ ನೀರು ಓಡಿಸುವುದಕ್ಕೆ. ಮಳೆಯಲ್ಲಿ ನೆನೆದ ಪಿಸ್ತೂಲಿಗೆ ಒಳ್ಳೆಯದು. ನೀರು ಹೋದ ಮೇಲೆ ಒರೆಸಿ, ಗನ್ ಆಯಿಲ್ ಹಾಕಬೇಕು. ಅದೊಂದನ್ನೇ ನಂಬಿ ಮಳೆಗಾಲ ಕಳೆಯುವಂತಿಲ್ಲ, ಉಳಿಯುವ ಪದರ ಬಹಳ ತೆಳು. ತೋಟಾ ಇರುವ ಕಡೆ ಸಿಂಪಡಿಸಲೇಬೇಡಿ. ಸಂದಿಗೆ ನುಗ್ಗುವ ಗುಣ ಅದರದ್ದು, ಪ್ರೈಮರ್ ಪಕ್ಕದಿಂದ ಒಳಗೆ ಇಳಿದರೆ ಆ ತೋಟಾ ಸಿಡಿಯುವ ಭರವಸೆ ಇಲ್ಲ.

ಕಡೂರು_ತೆಂಗು

ಕಡೂರು, ಅರಸೀಕೆರೆ ಕಡೆಯವರು ಮಲೆನಾಡಿನ ಲೆಕ್ಕ ಹಿಡಿಯಬೇಡಿ. ನಮಗೆ ತುಕ್ಕಿಗಿಂತ ಧೂಳು ಶತ್ರು. ಎಣ್ಣೆಗೆ ಧೂಳು ಅಂಟಿದರೆ ಗಾಡಿಯಲ್ಲಿ ಎಮರಿ ಹಾಕಿ ಉಜ್ಜಿದ ಹಾಗೆ. ಅರ್ಧ ಹನಿ ಸಾಕು, ಹೊರಮೈ ಪೂರ್ತಿ ಒಣ ಬಟ್ಟೆಯಲ್ಲಿ ಒರೆಸಿ. ಮಲೆನಾಡಿನಲ್ಲಿ ಮಳೆಗಾಲಕ್ಕೆ ಹದಿನೈದು ದಿನಕ್ಕೊಮ್ಮೆ ನೋಡಬೇಕಾದ್ದನ್ನು ಇಲ್ಲಿ ಎರಡು ತಿಂಗಳಿಗೊಮ್ಮೆ ನೋಡಿದರೂ ನಡೆಯುತ್ತದೆ.

ಹಾನುಬಾಳು_ರೋಬಸ್ಟಾ

ತುಕ್ಕಿನ ಚುಕ್ಕಿ ಹುಣಸೆಹಣ್ಣಿನಲ್ಲಿ ಉಜ್ಜಿದರೆ ಹೋಗುತ್ತೆ ಅಂತಾರೆ. ಝೀರೋ ನಂಬರ್ ಎಮರಿ ಹಾಳೆ ಕೂಡ ಕೇಳಿದ್ದೇನೆ.

ಶಸ್ತ್ರಾಗಾರ_ಹಾಸನ

ಎರಡೂ ಬೇಡ. ಪಿಸ್ತೂಲಿನ ಕಪ್ಪು-ನೀಲಿ ಬಣ್ಣ ಪೇಂಟಲ್ಲ. ಅದೂ ಕಬ್ಬಿಣದ ಆಕ್ಸೈಡೇ, ಆದರೆ ಗಟ್ಟಿಯಾಗಿ ಹಿಡಿದುಕೊಂಡ ಜಾತಿಯದು. ಹುಣಸೆ, ನಿಂಬೆ, ವಿನೆಗರ್, ಬಾತ್‌ರೂಮ್ ಕ್ಲೀನರ್ ಯಾವುದಾದರೂ ತುಕ್ಕಿನ ಜೊತೆ ಈ ಬಣ್ಣವನ್ನೂ ತಿಂದು ಬಿಳಿ ಲೋಹ ತೋರಿಸುತ್ತವೆ. ಮಾರನೇ ಮಳೆಗೆ ಅಲ್ಲೇ ದುಪ್ಪಟ್ಟು ತುಕ್ಕು.

ಚುಕ್ಕಿ ಮೇಲೆ ಎಣ್ಣೆ ಸವರಿ ಒಂದು ರಾತ್ರಿ ಬಿಡಿ. ಬೆಳಗ್ಗೆ ಒರಟು ಹತ್ತಿ ಬಟ್ಟೆಯಲ್ಲಿ ಉಜ್ಜಿ. ಬಹಳಷ್ಟು ಅಲ್ಲೇ ಹೋಗುತ್ತದೆ. ಉಳಿದರೆ ನಾಲ್ಕು ಸೊನ್ನೆಯ ಸ್ಟೀಲ್ ವೂಲ್, ಎಣ್ಣೆಯಲ್ಲಿ ಅದ್ದಿ, ಬೆರಳ ಭಾರದಷ್ಟೇ ಒತ್ತಡದಲ್ಲಿ. ಪಾತ್ರೆ ತಿಕ್ಕುವ ಸ್ಕ್ರಬ್ಬರ್ ಬೇಡ. ಎಣ್ಣೆ ಕೆಂಪಾದಾಗೆಲ್ಲ ಒರೆಸಿ ಹೊಸದು ಹಾಕಿ. ತುಕ್ಕು ಹೋದ ಮೇಲೆ ಸಣ್ಣ ಕಪ್ಪು ಗುಳಿ ಉಳಿದರೆ ಉಳಿಯಲಿ. ಗುಳಿ ಅಳಿಸಲು ಹೊರಟರೆ ಲೋಹವೇ ಹೋಗುತ್ತದೆ.

ಆಲೂರು_ವಕೀಲ

ಎಮರಿ ವಿಚಾರದಲ್ಲಿ ಕಾನೂನಿನ ಮಾತೂ ಇದೆ. ಆಯುಧದ ನಂಬರ್ ಮೇಲೆ ಎಮರಿ ಹೊಡೆದು ಅದು ಮಸುಕಾದರೆ ಶಸ್ತ್ರಾಸ್ತ್ರ ಕಾಯ್ದೆ 1959ರ ಕಲಂ 8ಕ್ಕೆ ಉತ್ತರ ಕೊಡಬೇಕಾಗುತ್ತದೆ. ಗುರುತು ಅಳಿಸುವುದು, ಬದಲಿಸುವುದು ಅಪರಾಧ. ನಂಬರ್ ಇರುವ ಜಾಗಕ್ಕೆ ಬಟ್ಟೆ ಮತ್ತು ಎಣ್ಣೆ ಮಾತ್ರ.

ಹಾಗೆಯೇ ರಿಪೇರಿ. ಸ್ವಚ್ಛ ಮಾಡುವುದು ನಿಮ್ಮ ಕೆಲಸ. ಸ್ಟ್ರೈಕರ್ ಮಾಡಿಸುವುದು, ಬೆಸುಗೆ ಹಾಕಿಸುವುದು ಊರಿನ ಲೇತ್ ಅಂಗಡಿಯಲ್ಲಿ ಆಗುವಂಥದ್ದಲ್ಲ. ಕಲಂ 5ರ ಪ್ರಕಾರ ವ್ಯಾಪಾರವಾಗಿ ರಿಪೇರಿ ಮಾಡುವವರಿಗೂ ಪರೀಕ್ಷೆ ಮಾಡುವವರಿಗೂ ಪ್ರತ್ಯೇಕ ಲೈಸೆನ್ಸ್ ಬೇಕು. ಅಂಥವರ ಹತ್ತಿರವೇ ಹೋಗಿ. ನೀವೇ ಒಯ್ಯಲಾಗದಿದ್ದರೆ, ರಿಪೇರಿಗೆ ಅಥವಾ ಲೈಸೆನ್ಸ್ ನವೀಕರಣಕ್ಕೆ ಬೇರೆಯವರು ಒಯ್ಯಲು ಕಲಂ 3ರಲ್ಲಿ ಅವಕಾಶ ಇದೆ. ಒಂದೋ ಲೈಸೆನ್ಸ್‌ದಾರ ಜೊತೆಗಿರಬೇಕು, ಇಲ್ಲವೇ ಅವರ ಲಿಖಿತ ಅಧಿಕಾರ ಪತ್ರ ಕೈಯಲ್ಲಿರಬೇಕು. ಬಾಯಿಮಾತು ನಡೆಯುವುದಿಲ್ಲ. ಸರಿಯಾಯಿತೇ ಎಂದು ತೋಟದಲ್ಲಿ ಒಂದು ಈಡು ಹೊಡೆದು ನೋಡುವುದೂ ಬೇಡ.

ಬಾಳೆಹೊನ್ನೂರು_ಭದ್ರಾ

ವಕೀಲರೇ, ಎಲೆಕ್ಷನ್ ಬಂದಾಗ ಆಯುಧಾನ ಠಾಣೆಗೆ ಡಿಪಾಸಿಟ್ ಮಾಡ್ಬೇಕಲ್ಲ. ಕೊಟ್ಟಾಗ ಹೊಳೆಯೋ ಕೋವಿ ವಾಪಸ್ ಬರುವಾಗ ಕೆಂಪಾಗಿರುತ್ತೆ. ಗೋಣಿಚೀಲದಲ್ಲಿ ಒಂದರ ಮೇಲೊಂದು ಪೇರಿಸಿಟ್ಟರೆ ಮತ್ತೇನಾಗುತ್ತೆ? ಇದು ಪ್ರತಿ ಸಲದ ನೋವು.

ಆಲೂರು_ವಕೀಲ

ಠಾಣೆಯಲ್ಲಿ ಮಾತ್ರವಲ್ಲ, ಲೈಸೆನ್ಸ್ ಇರುವ ಡೀಲರ್ ಹತ್ತಿರವೂ ಡಿಪಾಸಿಟ್ ಇಡಲು ಕಾಯ್ದೆಯಲ್ಲಿ ಅವಕಾಶ ಇದೆ. ಆ ಸಲದ ಆದೇಶದಲ್ಲಿ ಏನಿದೆ ನೋಡಿಕೊಂಡು ಕೇಳಿ. ಕೊಡುವ ಮುನ್ನ ನಂಬರ್ ಕಾಣುವಂತೆ ನಾಲ್ಕೂ ಕಡೆಯಿಂದ ಫೋಟೋ ತೆಗೆಯಿರಿ, ರಸೀದಿಯಲ್ಲಿ ಮ್ಯಾಗಜಿನ್, ಕವರ್ ಎಲ್ಲವನ್ನೂ ಬರೆಸಿ.

ಶಸ್ತ್ರಾಗಾರ_ಹಾಸನ

ಡಿಪಾಸಿಟ್ಟಿಗೆ ಕೊಡುವಾಗ ಮಾತ್ರ ನನ್ನ "ಕಡಿಮೆ ಎಣ್ಣೆ" ಮಾತಿಗೆ ರಜೆ. ಬೋರ್ ಒಳಗೆ, ಹೊರಮೈಗೆ ದಪ್ಪ ಎಣ್ಣೆ ಅಥವಾ ತೆಳು ಗ್ರೀಸ್ ಸವರಿ. ಸ್ಟ್ರೈಕರ್ ಕೊಳವೆಗೆ ಆಗಲೂ ಬೇಡ. ತುಕ್ಕು ತಡೆಯುವ ವಿಸಿಐ ಕಾಗದದಲ್ಲಿ ಸುತ್ತಿ, ಮೇಲೆ ಎಣ್ಣೆ ಹೀರಿದ ಹತ್ತಿ ಬಟ್ಟೆ. ಚರ್ಮ, ರೆಕ್ಸಿನ್ ಕವರಿನಲ್ಲಿ ಕೊಡಬೇಡಿ.

ವಾಪಸ್ ಬಂದ ದಿನ ಎಲ್ಲಕ್ಕಿಂತ ಮೊದಲು ಬ್ಯಾರೆಲ್ ಆರಪಾರ ನೋಡಿ. 12 ಬೋರ್ ಕೋವಿ ಇರುವವರಿಗೆ ಇದು ಜೀವದ ಪ್ರಶ್ನೆ. ಕಣಜಗಳು ನಳಿಗೆಯೊಳಗೆ ಮಣ್ಣಿನ ಗೂಡು ಕಟ್ಟುತ್ತವೆ. ಬಾಯಿಂದ ಒಂದು ಗೇಣು ಒಳಗಿದ್ದರೆ ಹೊರಗಿನಿಂದ ಕಾಣುವುದೇ ಇಲ್ಲ. ಬ್ಯಾರೆಲ್ ಬಿಚ್ಚಿ ಆಕಾಶದ ಕಡೆ ಹಿಡಿದರೆ ದುಂಡು ಬೆಳಕು ಕಾಣಬೇಕು. ಒಣಗಿದ ಮಣ್ಣು ಕಲ್ಲಿನಷ್ಟೇ ಗಟ್ಟಿ. ಆ ಸ್ಥಿತಿಯಲ್ಲಿ ಈಡು ಹೊಡೆದರೆ ನಳಿಗೆ ಅಲ್ಲೇ ಉಬ್ಬುತ್ತದೆ, ಇಲ್ಲವೇ ಸೀಳುತ್ತದೆ. ಎಡಗೈ ಇರುವುದು ಅಲ್ಲೇ.

ಪಿಸ್ತೂಲಿಗೂ ಇದೇ ತತ್ವ. ಹಾರಿಸುವಾಗ ಸದ್ದು ಸಪ್ಪೆಯಾಗಿ "ಟಪ್" ಎಂದರೆ ಅಲ್ಲೇ ನಿಲ್ಲಿಸಿ. ಗುಂಡು ಬ್ಯಾರೆಲ್ಲಿನಲ್ಲೇ ಸಿಕ್ಕಿರಬಹುದು, ಹಿಂದೆಯೇ ಇನ್ನೊಂದು ಹೊಡೆದರೆ ಬ್ಯಾರೆಲ್ ಹೋಯಿತು. ಸದ್ದೇ ಬರದಿದ್ದರೆ ಸುರಕ್ಷಿತ ದಿಕ್ಕಿಗೆ ಹಿಡಿದುಕೊಂಡೇ ಕನಿಷ್ಠ 30 ಸೆಕೆಂಡ್ ಕಾಯಿರಿ, ಆಮೇಲೆ ಹೊರತೆಗೆಯಿರಿ.

ಕಡೂರು_ತೆಂಗು

ತೋಟಾ ಬಗ್ಗೆಯೂ ಯಾರಾದರೂ ಬರೆಯಿರಿ. ಅರ್ಧ ತೊಂದರೆ ಅಲ್ಲೇ ಇರುತ್ತದೆ.

ಗೋಣಿಬೀಡು_ಅರೇಬಿಕಾ

ಮೊದಲನೇದು, .32 ಅಂದ ತಕ್ಷಣ ಎಲ್ಲಾ ಒಂದೇ ಅಲ್ಲ. ಪಿಸ್ತೂಲಿಗೆ .32 ಎಸಿಪಿ, ಅಂದ್ರೆ 7.65×17 ಮಿ.ಮೀ. ರಿವಾಲ್ವರಿಗೆ .32 ಎಸ್ ಅಂಡ್ ಡಬ್ಲ್ಯೂ ಲಾಂಗ್. ಅಂಗಡಿಯಲ್ಲಿ "ಪಿಸ್ತೂಲಿಂದು" ಅಂತಲೇ ಕೇಳಿ, ಡಬ್ಬಿ ಮೇಲೆ ಓದಿ ತಗೊಳ್ಳಿ. ತಳದಲ್ಲಿ ಕೆಎಫ್ ಅಂತಿದ್ರೆ ಖಡಕಿ ಕಾರ್ಖಾನೆಯದ್ದು.

ಎರಡನೇದು, .32 ಎಸಿಪಿಯ ತಳದ ಅಂಚು ಕೇಸಿಗಿಂತ ಒಂಚೂರು ಹೊರಗೆ ಚಾಚಿರುತ್ತೆ. ಮ್ಯಾಗಜಿನ್ ತುಂಬುವಾಗ ಮೇಲಿನ ತೋಟಾದ ಅಂಚು ಕೆಳಗಿನದ್ದರ ಅಂಚಿಗಿಂತ ಮುಂದೆ ಕೂರಬೇಕು. ಹಿಂದೆ ಕೂತ್ರೆ ಎರಡೂ ಕೊಕ್ಕೆ ಹಾಕ್ಕೊಂಡು ಮ್ಯಾಗಜಿನ್ನೇ ಜಾಮ್. ಸ್ಲೈಡ್ ಎಷ್ಟು ಬಡಿದರೂ ಬಿಡಲ್ಲ, ಮ್ಯಾಗಜಿನ್ ತೆಗೆದು ಖಾಲಿ ಮಾಡ್ಬೇಕು. ಪ್ರತಿ ತೋಟಾ ಹಾಕುವಾಗಲೂ ಹಿಂದಕ್ಕೆ ಪೂರ್ತಿ ಒತ್ತಿ, ಮೇಲಿಂದ ಕಣ್ಣಾಡಿಸಿ. ಮ್ಯಾಗಜಿನ್ ತುಟಿಗಳು ಎರಡೂ ಸಮ ಇದಾವಾ ಅಂತಲೂ ನೋಡಿ. ಕೆಳಗೆ ಬಿದ್ದ ಮ್ಯಾಗಜಿನ್ನಿನ ತುಟಿ ಬಾಗಿದ್ರೆ ತೋಟಾ ಮೂತಿ ಮೇಲೆ ಮಾಡಿ ಸಿಕ್ಕಿಕೊಳ್ಳುತ್ತೆ. ಇಕ್ಕಳದಲ್ಲಿ ಬಗ್ಗಿಸಿ ಸರಿಮಾಡೋದು ನಿಲ್ಲೋ ಕೆಲಸ ಅಲ್ಲ.

ಮೂರನೇದನ್ನ ದಯವಿಟ್ಟು ಮನಸ್ಸಿಟ್ಟು ಓದಿ. ಹಸಿರು ಹಿಡಿದ ಕೇಸನ್ನ ಹಿತ್ತಾಳೆ ಪಾಲಿಶ್ ಹಾಕಿ ಹೊಳೆಸಬೇಡಿ. ಎಷ್ಟೋ ಪಾಲಿಶಿನಲ್ಲಿ ಅಮೋನಿಯಾ ಇರುತ್ತೆ, ಅಮೋನಿಯಾಕ್ಕೆ ಹಿತ್ತಾಳೆ ಬಿರಿಯುತ್ತೆ. ಬ್ರಿಟಿಷರ ಕಾಲದಲ್ಲಿ ಮಳೆಗಾಲಕ್ಕೆ ಅಂತ ಕುದುರೆ ಲಾಯಗಳಲ್ಲಿ ಇಟ್ಟಿದ್ದ ತೋಟಾಗಳು ತಮ್ಮಷ್ಟಕ್ಕೆ ಸೀಳುಬಿಡ್ತಾ ಇದ್ವು. ಕುದುರೆ ಗಂಜಲದಿಂದ ಏಳೋ ಅಮೋನಿಯಾನೇ ಕಾರಣ ಅಂತ 1921ರಲ್ಲಿ ವಿವರಿಸಿದ್ರು. ನಮ್ಮಲ್ಲಿ ಕೊಟ್ಟಿಗೆಗೆ ಅಂಟಿಕೊಂಡ ಕೋಣೆ, ಕೋಳಿ ಗೊಬ್ಬರ, ಯೂರಿಯಾ ಮೂಟೆ ಇಡೋ ಗೋಡೌನು, ಇವೆಲ್ಲಾ ಅದೇ ಲೆಕ್ಕ. ತೋಟಾ ಅಲ್ಲಿ ಬೇಡವೇ ಬೇಡ. ಚರ್ಮದ ಬೆಲ್ಟಿನಲ್ಲೂ ಬೇಡ, ಹಸಿರು ಹಿಡಿಯೋದು ಅಲ್ಲೇ. ಒಣ ಡಬ್ಬಿ, ಪಿಸ್ತೂಲಿನಿಂದ ಬೇರೆ ಬೀಗ.

ಶಸ್ತ್ರಾಗಾರ_ಹಾಸನ

ಇದಕ್ಕೆ ಸೇರಿಸಿ: ತುಂಬಾ ಹಳೇ ಮಾಲು ಹಾರಿಸಿದ್ದರೆ ಅದರ ಪ್ರೈಮರಿನಲ್ಲಿ ಪೊಟ್ಯಾಸಿಯಂ ಕ್ಲೋರೇಟ್ ಇರಬಹುದು. ಉರಿದ ಮೇಲೆ ಬೋರಿನಲ್ಲಿ ಉಳಿಯುವುದು ಉಪ್ಪು, ಪೊಟ್ಯಾಸಿಯಂ ಕ್ಲೋರೈಡ್. ಅದು ಗಾಳಿಯ ತೇವ ಎಳೆದುಕೊಳ್ಳುತ್ತದೆ, ಮಲೆನಾಡಿನಲ್ಲಿ ಒಂದೇ ರಾತ್ರಿಗೆ ಬೋರ್ ಕೆಂಪಾಗುತ್ತದೆ. ಉಪ್ಪು ಎಣ್ಣೆಯಲ್ಲಿ ಕರಗುವುದಿಲ್ಲ, ನೀರಿನಲ್ಲೇ ಕರಗಬೇಕು. ಬ್ಯಾರೆಲ್ಲಿಗೆ ಬಿಸಿನೀರು ಸುರಿದು, ಚಿಂದಿ ಎಳೆದು, ಪೂರ್ತಿ ಒಣಗಿಸಿ, ಆಮೇಲೆ ಮಾಮೂಲು ಸಾಲ್ವೆಂಟ್, ಎಣ್ಣೆ. ಕುದಿಯುವಷ್ಟು ಬಿಸಿ ಇದ್ದರೆ ಲೋಹ ಕಾದು ತಾನೇ ಬೇಗ ಒಣಗುತ್ತದೆ.

ಕೊಪ್ಪ_ಅಡಿಕೆ

ಬೀರುವಿನ ಒಳಗಿನ ತೇವಕ್ಕೆ ಏನು ಮಾಡುವುದು? ನಮ್ಮಲ್ಲಿ ಪುನರ್ವಸು, ಪುಷ್ಯದಲ್ಲಿ ಬಟ್ಟೆಯೂ ಬೂಷ್ಟು ಹಿಡಿಯುತ್ತದೆ.

ಬಾಳೆಹೊನ್ನೂರು_ಭದ್ರಾ

ಬೀರುವನ್ನ ಹೊರಗೋಡೆಗೆ ಒತ್ತಿಸಬೇಡಿ, ನಾಲ್ಕು ಬೆರಳು ಜಾಗ ಬಿಡಿ. ಪಿಸ್ತೂಲು ಮೇಲಿನ ಅರೆಯಲ್ಲಿ. ಚರ್ಮದ ಪೌಚು ಹೊರಗೆ, ಚರ್ಮ ಹದ ಮಾಡುವಾಗಿನ ಉಪ್ಪು, ಆಮ್ಲ ಅದರಲ್ಲೇ ಉಳಿದಿರುತ್ತೆ, ತೇವ ಸೇರಿದರೆ ತುಕ್ಕಿಗೆ ಅದೇ ಅನ್ನ. ಸ್ಪಂಜು ತುಂಬಿದ ಪ್ಲಾಸ್ಟಿಕ್ ಪೆಟ್ಟಿಗೆಯೂ ತೇವ ಹಿಡಿದಿಡುತ್ತೆ. ಎಣ್ಣೆ ಸವರಿದ ಹತ್ತಿ ಬಟ್ಟೆ ಅಥವಾ ವಿಸಿಐ ಕಾಗದವೇ ವಾಸಿ.

ಸಿಲಿಕಾ ಜೆಲ್ ಅರ್ಧ ಕೆ.ಜಿ. ಒಂದು ಬೀರುವಿಗೆ, ತೆಳು ಬಟ್ಟೆ ಚೀಲದಲ್ಲಿ. ಕಿತ್ತಳೆ ಬಣ್ಣದ್ದು ತಗೊಳ್ಳಿ, ತೇವ ಕುಡಿದರೆ ಹಸಿರಾಗುತ್ತೆ. ನೀಲಿ ಬಣ್ಣದ್ದರಲ್ಲಿ ಕೋಬಾಲ್ಟ್ ಇರುತ್ತೆ, ಅದು ಆರೋಗ್ಯಕ್ಕೆ ಆಗಲ್ಲ. ಬಣ್ಣ ತಿರುಗಿದಾಗ 110-120 ಡಿಗ್ರಿ ಓವನ್ನಿನಲ್ಲಿ ಎರಡು ಗಂಟೆ. ಅಡುಗೆಗೆ ಬಳಸೋ ಪಾತ್ರೆ ಮಾತ್ರ ಬೇಡ. ನೂರೈವತ್ತು ಇನ್ನೂರು ಗ್ರಾಮಿನ ಎರಡು ಮೂರು ಚೀಲ ಮಾಡಿಕೊಂಡರೆ ಒಂದು ಕಾಯುವಾಗ ಉಳಿದವು ಒಳಗಿರುತ್ತವೆ. ಬಲ್ಬ್ ಇಡುವವರು ಹಳೇ 15 ವ್ಯಾಟಿನ ಬಿಸಿ ಬಲ್ಬೇ ಇಡಬೇಕು, ಎಲ್‌ಇಡಿ ಬಿಸಿ ಸಾಲದು. ಆದರೆ ಮಳೆಗಾಲದಲ್ಲಿ ನಮಗೆ ಕರೆಂಟ್ ಎಲ್ಲಿರುತ್ತೆ? ಜೆಲ್ಲೇ ನಂಬಿಕಸ್ಥ. ತೇವ ಅಳೆಯೋ ಚಿಕ್ಕ ಹೈಗ್ರೋಮೀಟರ್ ಒಂದು ಒಳಗಿಡಿ, ಶೇ. 60ರ ಕೆಳಗೆ ಇರುವಂತೆ ನೋಡಿಕೊಳ್ಳಿ.

ಹಾನುಬಾಳು_ರೋಬಸ್ಟಾ

ಬಿಚ್ಚಿ ತೊಳೆದೆ. ಸ್ಟ್ರೈಕರ್ ಕೊಳವೆಯಿಂದ ಬೆಲ್ಲದ ಪಾಕದಂಥ ಕಂದು ಬಂತು. ಸ್ಲೈಡ್ ಈಗ ತಡವರಿಸದೆ ಕೂರುತ್ತೆ. ಸ್ಟ್ರೈಕರ್ ತುದಿ ದುಂಡಗಿದೆ. ಏಟು ಸರಿ ಬೀಳುತ್ತಾ ಅಂತ ಗುಂಡು ಹಾರಿಸದೆ ನೋಡುವ ದಾರಿ ಇದೆಯಾ ಸಾರ್? ಸ್ಪ್ರಿಂಗ್ ಬದಲಿಸಬೇಕಾ?

ಶಸ್ತ್ರಾಗಾರ_ಹಾಸನ

ಮೊದಲು ಸೇಫ್ಟಿಗಳ ಪರೀಕ್ಷೆ, ಖಾಲಿ ಪಿಸ್ತೂಲಿನಲ್ಲಿ, ತೋಟಾ ಬೇರೆ ಕೋಣೆಯಲ್ಲಿ, ಮೂತಿ ದಪ್ಪ ಗೋಡೆಯ ಕಡೆ. ಖಾಲಿ ಮ್ಯಾಗಜಿನ್ ಹಾಕಿ ಸ್ಲೈಡ್ ಎಳೆದು ಬಿಡಿ. ಹೆಬ್ಬೆರಳ ಸೇಫ್ಟಿ ಮೇಲಿದ್ದಾಗ ಟ್ರಿಗರ್ ಬಿಡಬಾರದು. ಅದನ್ನಿಳಿಸಿ, ಹಿಡಿಯ ಹಿಂಬದಿ ಒತ್ತದೆ ಟ್ರಿಗರ್ ಎಳೆದರೂ ಬಿಡಬಾರದು. ಮ್ಯಾಗಜಿನ್ ತೆಗೆದಾಗಲೂ ಬಿಡಬಾರದು. ಮೂರರಲ್ಲಿ ಒಂದು ತಪ್ಪಿದರೂ ಡೀಲರ್ ಹತ್ತಿರ ಒಯ್ಯಿರಿ, ತೋಟಾ ಹಾಕಬೇಡಿ.

ಏಟಿಗೆ ಪೆನ್ಸಿಲ್ ಪರೀಕ್ಷೆ. ಬೋರಿನೊಳಗೆ ಸಲೀಸಾಗಿ ಜಾರುವಷ್ಟು ಸಣ್ಣ ದುಂಡು ಪೆನ್ಸಿಲ್ ತಗೊಳ್ಳಿ. ಚೇಂಬರ್ ಮತ್ತೊಮ್ಮೆ ನೋಡಿ, ಖಾಲಿ ಮ್ಯಾಗಜಿನ್ ಹಾಕಿ, ಸ್ಲೈಡ್ ಎಳೆದು ಬಿಟ್ಟು, ಪೆನ್ಸಿಲನ್ನು ರಬ್ಬರ್ ಕಡೆ ಒಳಗಾಗಿ ಮೂತಿಯಿಂದ ಇಳಿಬಿಡಿ. ಮೂತಿ ನೇರ ಮೇಲಕ್ಕೆ ಹಿಡಿದು, ಮುಖ ದೂರ ಇಟ್ಟು ಟ್ರಿಗರ್ ಎಳೆಯಿರಿ. ಪೆನ್ಸಿಲ್ ಪೂರ್ತಿ ಹೊರಕ್ಕೆ ಚಿಮ್ಮಿದರೆ ಏಟು ಚೆನ್ನಾಗಿದೆ. ಒಳಗೇ ಕುಣಿದು ಕೂತರೆ ಸ್ಟ್ರೈಕರ್ ಸ್ಪ್ರಿಂಗ್ ಸೋತಿದೆ, ಬದಲಿಸಬೇಕು. ಎರಡು ಮೂರು ಸಲಕ್ಕಿಂತ ಹೆಚ್ಚು ಮಾಡಬೇಡಿ. ಖಾಲಿ ಚೇಂಬರಿಗೆ ಪದೇ ಪದೇ ಹೊಡೆದರೆ ಹಳೇ ಸ್ಟ್ರೈಕರ್ ತುದಿ ಮುರಿಯುತ್ತದೆ.

ಬ್ಯಾರೆಲ್ ಸುತ್ತಲಿನ ದೊಡ್ಡ ಸ್ಪ್ರಿಂಗನ್ನು ಹೊಸದರ ಪಕ್ಕ ಇಟ್ಟು ಉದ್ದ ಹೋಲಿಸಿ. ಎದ್ದು ಕಾಣುವಷ್ಟು ಗಿಡ್ಡವಾಗಿದ್ದರೆ ಬದಲಿಸಿ, ಇಲ್ಲದಿದ್ದರೆ ಸ್ಲೈಡ್ ಪ್ರತಿ ಸಲವೂ ಫ್ರೇಮಿಗೆ ಬಡಿಯುತ್ತದೆ. ಸ್ಪ್ರಿಂಗನ್ನು ಎಳೆದು ಉದ್ದ ಮಾಡುವ ಕೆಲಸ ಬೇಡ, ನಾಲ್ಕು ಈಡಿಗೆ ಮತ್ತೆ ಕುಗ್ಗುತ್ತದೆ.

ಹಾನುಬಾಳು_ರೋಬಸ್ಟಾ

ಪೆನ್ಸಿಲ್ ಮೇಲಕ್ಕೆ ಚಿಮ್ಮಿತು ಸಾರ್. ಸೇಫ್ಟಿ ಮೂರೂ ಸರಿ ಇವೆ. ಆ ಸಿಡಿಯದ ತೋಟಾಗಳನ್ನು ಮತ್ತೆ ಬಳಸಬಹುದಾ?

ಶಸ್ತ್ರಾಗಾರ_ಹಾಸನ

ಬೇಡ. ಪ್ರೈಮರ್ ಒಮ್ಮೆ ಏಟು ತಿಂದಿದೆ. ಬಿಚ್ಚಲೂ ಹೋಗಬೇಡಿ, ಹೂಳಲೂ ಬೇಡಿ, ಒಲೆಗಂತೂ ಬೇಡವೇ ಬೇಡ. ಬೇರೆ ಡಬ್ಬಿಯಲ್ಲಿ "ಸಿಡಿಯದವು" ಎಂದು ಬರೆದಿಟ್ಟು, ಮುಂದಿನ ಸಲ ತೋಟಾ ಕೊಳ್ಳಲು ಹೋದಾಗ ಲೈಸೆನ್ಸ್ ಪುಸ್ತಕದ ಜೊತೆ ಡೀಲರಿಗೆ ಒಪ್ಪಿಸಿ, ಲೆಕ್ಕದಲ್ಲಿ ಬರೆಸಿಕೊಳ್ಳಿ.